ಕಾಫಿ ಕಣದಲ್ಲಿ ಕಿರುನಾಟಕ: ಥಿಯೇಟರ್ ಹುಟ್ಟುವ ಮೊದಲಿನ ಇಂಗ್ಲಿಷ್ ನಾಟಕಗಳನ್ನು ನಮ್ಮೂರಲ್ಲಿ ಆಡುವ ಬಗೆ

ನಮ್ಮ ಕೊಡಗಿನ ಕಡೆ ಯಾರಾದರೂ ನಾಟಕ ಮಾಡೋಣ ಅಂದರೆ ಮೊದಲು ಬರುವ ಮಾತು, ಹಾಲ್ ಎಲ್ಲಿದೆ? ಮಡಿಕೇರಿಗೋ ವಿರಾಜಪೇಟೆಗೋ ಹೋಗಬೇಕು, ಬಾಡಿಗೆ ಕಟ್ಟಬೇಕು, ಪರದೆ, ಲೈಟು, ಮೈಕ್ ಸೆಟ್ಟು, ಅದನ್ನೆಲ್ಲ ಹೊರಲು ಒಂದು ಪಿಕಪ್. ಅಷ್ಟು ಲೆಕ್ಕ ಹಾಕುವಷ್ಟರಲ್ಲಿ ನಾಟಕದ ಆಸೆಯೇ ಬತ್ತಿಹೋಗುತ್ತದೆ. ಹಾಲ್ ಬೇಡ, ಕಾಫಿ ಒಣಗಿಸುವ ಕಣ ಸಾಕು. ಹಾಲ್ ಇಲ್ಲದ ಕಾಲದಲ್ಲೇ ಬರೆದ ನಾಟಕಗಳಿವೆ, ಅವನ್ನು ಎತ್ತಿಕೊಳ್ಳಿ.

ಶೇಕ್ಸ್‌ಪಿಯರ್ ಹುಟ್ಟಿದ್ದು 1564ರಲ್ಲಿ. ಆಗ ಲಂಡನ್ನಿನಲ್ಲಿ ನಾಟಕಕ್ಕೆಂದೇ ನಿಂತ ಕಟ್ಟಡ ಇರಲಿಲ್ಲ. 1567ರಲ್ಲಿ ಜಾನ್ ಬ್ರೇನ್ ಎಂಬ ದಿನಸಿ ವ್ಯಾಪಾರಿ ಊರಾಚೆ ರೆಡ್ ಲಯನ್ ಅಂತ ಒಂದು ರಂಗ ಎಬ್ಬಿಸಿದ, ಅದು ಹೆಚ್ಚು ದಿನ ಬಾಳಲಿಲ್ಲ. 1576ರಲ್ಲಿ ಅವನೂ ಜೇಮ್ಸ್ ಬರ್ಬೇಜ್ ಕೂಡ ಸೇರಿ, ಇಬ್ಬರೂ ಭಾವಮೈದುನರು, ಶೋರ್‌ಡಿಚ್‌ನಲ್ಲಿ 'ದಿ ಥಿಯೇಟರ್' ಕಟ್ಟಿದರು. ಅದು ನಿಂತಿತು. ಅದಕ್ಕೂ ಮೊದಲು ಆರು ನೂರು ವರ್ಷ ಅಲ್ಲಿ ಜನ ನಾಟಕ ಆಡುತ್ತಲೇ ಇದ್ದರು ಅಲ್ವಾ? ಚರ್ಚಿನ ಒಳಗೆ, ಬೀದಿಯಲ್ಲಿ, ಬಯಲಲ್ಲಿ, ಶ್ರೀಮಂತರ ಮನೆಯ ಊಟದ ಹಜಾರದಲ್ಲಿ, ಪ್ರಯಾಣಿಕರು ತಂಗುವ ಛತ್ರದ ಅಂಗಳದಲ್ಲಿ. ಜನ ಎಲ್ಲಿ ಇರುತ್ತಿದ್ದರೋ ನಾಟಕ ಅಲ್ಲಿಗೆ ನಡೆದುಕೊಂಡು ಹೋಗುತ್ತಿತ್ತು. ಹಾಗಾಗಿಯೇ ಅದು ಚಿಕ್ಕದಾಗಿರುತ್ತಿತ್ತು, ನಾಲ್ಕೈದು ಜನರಲ್ಲಿ ಮುಗಿಯುತ್ತಿತ್ತು, ಸಾಮಾನು ಕಡಿಮೆ, ಮಾತು ಜಾಸ್ತಿ.

ಮಡಿಕೇರಿ ದಸರಾ ನೋಡಿದವರಿಗೆ ಇದರಲ್ಲಿ ಒಂದು ಭಾಗವನ್ನು ಬಿಡಿಸಿ ಹೇಳಬೇಕಾಗಿಯೇ ಇಲ್ಲ. ವಿಜಯದಶಮಿ ರಾತ್ರಿ ಹತ್ತು ದೇವಸ್ಥಾನಗಳ ಹತ್ತು ಮಂಟಪ ಹೊರಡುತ್ತವೆ, ಒಂದೊಂದು ಮಂಟಪಕ್ಕೆ ಒಂದೊಂದು ಕಥೆ, ಟ್ರ್ಯಾಕ್ಟರ್ ಮೇಲೆ ಅಸುರನ ಸಂಹಾರ, ನಾವು ಕಂಬಳಿ ಹೊದ್ದು ರಸ್ತೆ ಪಕ್ಕ ಬೆಳಗಿನ ಜಾವದವರೆಗೂ ನಿಲ್ಲುತ್ತೇವೆ. ಇಂಗ್ಲೆಂಡಿನ ಯಾರ್ಕ್ ಪಟ್ಟಣದಲ್ಲಿ ಕಾರ್ಪಸ್ ಕ್ರಿಸ್ಟಿ ಹಬ್ಬದ ದಿನ ನಡೆಯುತ್ತಿದ್ದದ್ದು ಹೆಚ್ಚುಕಮ್ಮಿ ಇದೇ. ಅಲ್ಲಿ ದೇವಸ್ಥಾನದ ಬದಲು ಕಸುಬಿನ ಸಂಘಗಳು, ಗೊಂಬೆಗಳ ಬದಲು ಮನುಷ್ಯರು. ಸುಮಾರು 48 ಕಿರುನಾಟಕ, ಬೈಬಲ್ಲಿನ ಸೃಷ್ಟಿಯಿಂದ ಕೊನೆಯ ತೀರ್ಪಿನವರೆಗೆ. ಬೆಳಗ್ಗೆ ನಾಲ್ಕೂವರೆಗೆ ಗಾಡಿಗಳು ಸಿದ್ಧವಾಗಿರಬೇಕು. ಒಂದೊಂದು ಗಾಡಿಯೂ ಬೀದಿಯ ಸುಮಾರು ಹನ್ನೆರಡು ಕಡೆ ನಿಂತು ಅದೇ ನಾಟಕವನ್ನು ಮತ್ತೆ ಮತ್ತೆ ಆಡಬೇಕು. ನೋಹನ ಹಡಗು ಕಟ್ಟುವ ಕಥೆ ಹಡಗು ಕಟ್ಟುವವರಿಗೆ, ಕೊನೆಯ ಊಟದ ಕಥೆ ಬ್ರೆಡ್ ಸುಡುವವರಿಗೆ, ಶಿಲುಬೆಗೇರಿಸುವ ಕಥೆ ಮೊಳೆ ಮಾಡುವವರಿಗೆ.

ಆ ಮೊಳೆಯವರ ನಾಟಕ ಸುಮಾರು 300 ಸಾಲು ಅಷ್ಟೇ. ನನಗೆ ಓದಿದಾಗಲೆಲ್ಲ ಮೈ ಜುಮ್ಮೆನ್ನುತ್ತದೆ. ನಾಲ್ಕು ಜನ ಸೈನಿಕರು ಏಸುವನ್ನು ಮರಕ್ಕೆ ಹೊಡೆಯುತ್ತಿದ್ದಾರೆ, ಅವರ ಬಾಯಲ್ಲಿ ಬರುವುದೆಲ್ಲ ಕೆಲಸದ ಮಾತು. ತೂತು ಸರಿಯಾದ ಜಾಗಕ್ಕೆ ಕೊರೆದಿಲ್ಲ, ಕೈ ಅಲ್ಲಿಗೆ ಮುಟ್ಟುತ್ತಿಲ್ಲ, ಹಗ್ಗ ಹಾಕಿ ಎಳಿ. ಮೇಲೆತ್ತುವಾಗ ಒಬ್ಬನ ಭುಜ ಕಳಚಿತಂತೆ, ಒಬ್ಬನಿಗೆ ಉಸಿರು ಸಿಕ್ಕಿಕೊಂಡಿತಂತೆ. ಸಿಲ್ವರ್ ಓಕ್ ದಿಮ್ಮಿಯನ್ನು ಲಾರಿಗೆ ಹಾಕುವಾಗ ಕೇಳುವ ಮಾತುಗಳೇ. ನಡುವೆ ಏಸು ಮಾತಾಡುವುದು ಎರಡೇ ಸಲ.

ಸರಿ, ಆಡುವುದು ಹೇಗೆ ಅನ್ನುವುದಕ್ಕೆ ಬರೋಣ.

ಮೊದಲು ನಾಟಕ ಆರಿಸಿ. ಹೊಸಬರಾದರೆ ಜಾನ್ ಹೇವುಡ್‌ನ 'ಜೋಹಾನ್ ಜೋಹಾನ್' ಹಿಡಿಯಿರಿ, 1533ರಲ್ಲಿ ಅಚ್ಚಾದದ್ದು. ಮೂರೇ ಜನ: ಗಂಡ ಜೋಹಾನ್, ಹೆಂಡತಿ ಟಿಬ್, ಪಾದ್ರಿ ಸರ್ ಜಾನ್. ಹೆಂಡತಿಗೂ ಪಾದ್ರಿಗೂ ಏನೋ ಇದೆ ಅಂತ ಗಂಡನಿಗೆ ಗುಮಾನಿ. ಅವಳು ಒಂದು ಪೈ ತಂದಿದ್ದಾಳೆ, ಮಾಂಸ ತುಂಬಿ ಸುಟ್ಟ ಕಡುಬಿನಂಥದ್ದು, ಪಾದ್ರಿಯನ್ನು ಊಟಕ್ಕೆ ಕರೆಸುತ್ತಾಳೆ, ಗಂಡನನ್ನು ನೀರು ತರಲು ಓಡಿಸುತ್ತಾಳೆ. ಬಕೆಟ್ಟು ಸೀಳಿದೆ. ವಾಪಸ್ ಬಂದವನ ಕೈಗೆ ಮೇಣ ಕೊಟ್ಟು ಬೆಂಕಿ ಹತ್ತಿರ ಕೂರಿಸುತ್ತಾರೆ. ಅವನು ಗಟ್ಟಿ ಮೇಣವನ್ನು ಬೆರಳಲ್ಲಿ ಒತ್ತಿ ಒತ್ತಿ ಮೆದು ಮಾಡುತ್ತಿದ್ದಾನೆ, ಕಣ್ಣಿಗೆ ಹೊಗೆ, ಮುಖಕ್ಕೆ ಕಾವು, ಹಿಂದುಗಡೆ ಅವರಿಬ್ಬರೂ ಪೈ ಪೂರ್ತಿ ತಿಂದು ಮುಗಿಸುತ್ತಾರೆ. ನಾಟಕದ ಜೀವ ಇಲ್ಲೇ ಇದೆ. ಅವನನ್ನು ಪ್ರೇಕ್ಷಕರಿಗೆ ತೀರಾ ಹತ್ತಿರ, ಮುಂದಿನ ಸಾಲಿನ ಮಕ್ಕಳಿಗೆ ಕೈಗೆ ಸಿಗುವಷ್ಟು ಹತ್ತಿರ ಕೂರಿಸಿ. ಬಕೆಟ್ ಬದಲು ಸೀಳಿದ ಪ್ಲಾಸ್ಟಿಕ್ ಕೊಡ, ಮೇಣಕ್ಕೆ ಮೇಣದಬತ್ತಿ, ಯಾರಿಗೂ ವಿವರಣೆ ಬೇಕಾಗುವುದಿಲ್ಲ. ಪೈ ಜಾಗಕ್ಕೆ ಕಡಂಬುಟ್ಟು, ಕೋಳಿ ಸಾರು ಇಡಬಹುದು, ಆದರೆ ನಿಜವಾದ ಊಟ ಇಡಿ. ತಿನ್ನುವಂತೆ ನಟಿಸಿದರೆ ಯಾರಿಗೂ ಹೊಟ್ಟೆ ಉರಿಯುವುದಿಲ್ಲ, ಸಾರಿನ ವಾಸನೆ ಮೂಗಿಗೆ ಬಡಿದರೆ ಇಡೀ ಕಣ ಜೋಹಾನ್ ಪಕ್ಷ.

ಪಾದ್ರಿಯನ್ನು ನಮ್ಮ ಕಡೆಯ ಯಾವುದೋ ಜಾತಿ, ಧರ್ಮದವನನ್ನಾಗಿ ಬದಲಿಸಲು ಹೋಗಬೇಡಿ. ಹಾಗೇ ಬಿಡಿ, ಇಲ್ಲವೇ ಊರಿನ ಒಬ್ಬ ದೊಡ್ಡ ಮನುಷ್ಯ ಅನ್ನಿ. ಇದನ್ನು ಬರೆದ ಹೇವುಡ್ ಸ್ವತಃ ಅಪ್ಪಟ ಕ್ಯಾಥೊಲಿಕ್, ಆ ನಂಬಿಕೆಗಾಗಿಯೇ 1564ರಲ್ಲಿ ದೇಶ ಬಿಟ್ಟವನು. ದ್ವೇಷದಿಂದ ಬರೆದ ನಗು ಅಲ್ಲ ಇದು.

ಆರೇಳು ಜನ ಇದ್ದರೆ 'ಸೆಕೆಂಡ್ ಶೆಫರ್ಡ್ಸ್ ಪ್ಲೇ' ಮಾಡಿ. ಹದಿನೈದನೇ ಶತಮಾನದ್ದು, ಬರೆದವನ ಹೆಸರು ಉಳಿದಿಲ್ಲ, ವೇಕ್‌ಫೀಲ್ಡ್ ಕಡೆಯವನು ಅಂತ ಕರೆಯುತ್ತಾರೆ. ಚಳಿ ರಾತ್ರಿ, ಮೂವರು ಕುರಿ ಕಾಯುವವರು. ಒಬ್ಬ ಚಳಿಯನ್ನೂ ಜಮೀನುದಾರರನ್ನೂ ಬೈಯುತ್ತಾನೆ, ಒಬ್ಬ ಸಂಸಾರವನ್ನು, ಚಿಕ್ಕವನು ಯಜಮಾನರನ್ನು. ಜುಲೈ ತಿಂಗಳಲ್ಲಿ ನಮ್ಮ ತೋಟದ ಲೈನ್ ಮನೆಯ ಜಗಲಿಯಲ್ಲಿ ಕೂತಿದ್ದವರಿಗೆ ಈ ಮೂರು ಮಾತೂ ಗೊತ್ತು. ಅಲ್ಲಿಗೆ ಮ್ಯಾಕ್ ಅನ್ನುವ ಕಳ್ಳ ಬರುತ್ತಾನೆ, ಅವರು ಮಲಗಿದ ಮೇಲೆ ಒಂದು ಕುರಿ ಎತ್ತಿಕೊಂಡು ಮನೆಗೆ ಹೋಗುತ್ತಾನೆ. ಹೆಂಡತಿ ಗಿಲ್ ಅದನ್ನು ತೊಟ್ಟಿಲಲ್ಲಿ ಮಲಗಿಸಿ, ತಾನು ಈಗಷ್ಟೇ ಹೆತ್ತವಳ ಹಾಗೆ ನರಳುತ್ತಾಳೆ. ಹುಡುಕಲು ಬಂದವರ ಎದುರು ಅವಳು ಹಾಕುವ ಆಣೆ ಕೇಳಿ: ನಾನೇನಾದರೂ ನಿಮಗೆ ಮೋಸ ಮಾಡಿದ್ದರೆ, ಈ ತೊಟ್ಟಿಲಲ್ಲಿ ಮಲಗಿರೋ ಕೂಸನ್ನೇ ತಿಂದುಬಿಡುತ್ತೇನೆ! ಈ ಸಾಲನ್ನು ಅವಸರದಲ್ಲಿ ಹೇಳಬಾರದು. 'ಕೂಸನ್ನೇ' ಅಂದು ನಿಲ್ಲಬೇಕು, ತೊಟ್ಟಿಲ ಕಡೆ ನೋಡಬೇಕು, ಆಮೇಲೆ ಉಳಿದದ್ದು.

ಅವರು ಏನೂ ಸಿಗದೆ ಹೊರಟೂ ಬಿಡುತ್ತಾರೆ. ಅಷ್ಟರಲ್ಲಿ, ಅಯ್ಯೋ ಮಗುವಿಗೆ ಏನೂ ಕೊಡಲಿಲ್ಲವಲ್ಲ ಅಂತ ವಾಪಸ್ ಬರುತ್ತಾರೆ. ಚಿಕ್ಕವನು ಆರು ಪೆನ್ನಿ ಕೊಡೋಣ ಅಂತ ಬಟ್ಟೆ ಸರಿಸುತ್ತಾನೆ, ಉದ್ದ ಮೂತಿ! ಸಿಕ್ಕಿಬಿದ್ದದ್ದು ಅವರ ಜಾಣತನದಿಂದಲ್ಲ, ಒಳ್ಳೆಯತನದಿಂದ. ಆಗಲೂ ಗಿಲ್ ಬಿಡುವುದಿಲ್ಲ, ಗಡಿಯಾರ ಹನ್ನೆರಡು ಹೊಡೆದಾಗ ಯಕ್ಷಿಣಿ ಮುಟ್ಟಿ ಮಗು ಹೀಗಾಯಿತು ಅನ್ನುತ್ತಾಳೆ. ನಾವು ಇದನ್ನು 'ರಾತ್ರಿ ಹನ್ನೆರಡಕ್ಕೆ ಗಾಳಿ ಸೋಕಿತು' ಅಂತ ಮಾಡಿದೆವು, ಹಿಂದೆ ಕೂತಿದ್ದ ಅಜ್ಜಿಯೊಬ್ಬರು ಹೌದೆಂದು ತಲೆಯಾಡಿಸಿದರು.

ಆ ಕಾಲದಲ್ಲಿ ಕುರಿ ಕದ್ದರೆ ನೇಣು. ಇವರು ಮ್ಯಾಕ್‌ನನ್ನು ಒಂದು ಕ್ಯಾನ್‌ವಾಸಿನಲ್ಲಿ ಹಾಕಿ ಮೇಲೆಸೆದು ಬಿಟ್ಟುಬಿಡುತ್ತಾರೆ. ನಂತರ ದೇವದೂತ ಹಾಡುತ್ತಾನೆ, ಅದೇ ಮೂವರು ಬೆತ್ಲೆಹೆಮ್‌ಗೆ ಹೋಗಿ ಏಸು ಕಂದನಿಗೆ ಚೆರಿ ಹಣ್ಣು, ಒಂದು ಹಕ್ಕಿ, ಒಂದು ಚೆಂಡು ಕೊಡುತ್ತಾರೆ. ನಗು ಬರುವ ಭಾಗ ಮುಗಿಯಿತು ಅಂತ ಈ ಕೊನೆಯನ್ನು ಕತ್ತರಿಸುವವರಿದ್ದಾರೆ. ದಯವಿಟ್ಟು ಕತ್ತರಿಸಬೇಡಿ. ಕುರಿ ಮಲಗಿದ್ದ ತೊಟ್ಟಿಲನ್ನೇ ಕಂದನಿಗೂ ಇಡಿ. ಈಗಷ್ಟೇ ನಕ್ಕ ಜನ ಅದೇ ತೊಟ್ಟಿಲನ್ನು ನೋಡಿ ಸುಮ್ಮನಾಗುತ್ತಾರೆ.

'ಮ್ಯಾನ್‌ಕೈಂಡ್' ಕೂಡ ಚೆನ್ನ, 1470ರ ಆಸುಪಾಸಿನದು. ಒಬ್ಬ ಮನುಷ್ಯ ನೆಲ ಅಗೆದು ಬದುಕಲು ನೋಡುತ್ತಾನೆ, ಟಿಟಿವಿಲಸ್ ಅನ್ನುವ ದೆವ್ವ ಅವನಿಗೆ ಕಾಣದ ಹಾಗೆ ಮಣ್ಣಿನಡಿ ಹಲಗೆ ಇಟ್ಟುಬಿಡುತ್ತದೆ. ಗುದ್ದಲಿ ಠಣ್ ಅನ್ನುತ್ತದೆ, ಮತ್ತೆ ಹಾಕುತ್ತಾನೆ, ಮತ್ತೆ ಠಣ್. ಕಡೆಗೆ ಕೆಲಸವನ್ನೇ ಬಿಡುತ್ತಾನೆ. ಇದರಲ್ಲಿ ಪೋಲಿ ಮಾತು ಜಾಸ್ತಿ, ನಿಮ್ಮ ಊರು ನೋಡಿಕೊಂಡು ಆರಿಸಿ. 'ಎವ್ರಿಮ್ಯಾನ್' ಹೆಸರು ಎಲ್ಲರಿಗೂ ಗೊತ್ತಿರುತ್ತದೆ, ಸಾವು ಬಂದು ಕರೆಯುವ ಕಥೆ, ಡಚ್ ಭಾಷೆಯಿಂದ ಬಂದದ್ದು. ದೊಡ್ಡ ಕೃತಿ. ಆದರೆ ಮೊದಲ ನಾಟಕಕ್ಕೆ ಬೇಡ, ಅದಕ್ಕೆ ಬೇಕಾದ ಮೌನವನ್ನು ಕಣದಲ್ಲಿ ಹಿಡಿದಿಡಲು ಒಳ್ಳೆಯ ನಟರು ಬೇಕು.

ಇನ್ನು ಭಾಷೆ. ಹಳೆಯ ಮೂಲಕ್ಕೆ ಹಕ್ಕಿನ ತೊಂದರೆ ಇಲ್ಲ, ಐನೂರು ವರ್ಷ ಆಯಿತು. ಇತ್ತೀಚೆಗೆ ಯಾರೋ ಹೊಸ ಇಂಗ್ಲಿಷಿಗೆ ತಿರುಗಿಸಿದ ಪಠ್ಯಕ್ಕೆ ಹಕ್ಕು ಇರಬಹುದು, ಆದ್ದರಿಂದ ಅದನ್ನು ಅರ್ಥ ಮಾಡಿಕೊಳ್ಳಲು ಬಳಸಿ, ಕನ್ನಡವನ್ನು ಮೂಲದಿಂದಲೇ ಕಟ್ಟಿ. 'ಶೆಫರ್ಡ್ಸ್' ಅನ್ನು ಕುರುಬರು ಅಂತ ಮಾಡಬೇಡಿ. ನಮ್ಮಲ್ಲಿ ಅದು ಜನಾಂಗದ ಹೆಸರು, ಜೇನುಕುರುಬರು, ಬೆಟ್ಟಕುರುಬರು ನಮ್ಮ ಜೊತೆಯಲ್ಲೇ ಇದ್ದಾರೆ, ಕಳ್ಳತನದ ಕಥೆಗೆ ಆ ಪದ ತಾಗಿದರೆ ಮನಸ್ಸು ನೋಯುತ್ತದೆ. 'ಕುರಿ ಕಾಯೋರು' ಸಾಕು. ನಾವಂತೂ ಕುರಿಯನ್ನೇ ಬಿಟ್ಟು ಆಡು ಮಾಡಿಕೊಂಡೆವು, ನಮ್ಮ ಮಳೆಗೆ ಕುರಿ ಸಾಕುವವರು ಎಷ್ಟು ಜನ?

ಮ್ಯಾಕ್ ಮೊದಲು ಬರುವಾಗ ತಾನು ರಾಜನ ಕಡೆಯವನು ಅಂತ ಬಿಂಕ ಮಾಡುತ್ತಾ ದಕ್ಷಿಣ ಇಂಗ್ಲೆಂಡಿನ ಧಾಟಿಯಲ್ಲಿ ಮಾತಾಡುತ್ತಾನೆ, ಇವರು ಆ ದಕ್ಷಿಣದ ಹಲ್ಲು ಕಿತ್ತುಹಾಕು ಅಂತ ಗದರುತ್ತಾರೆ. ಕನ್ನಡದಲ್ಲಿ ಅವನಿಗೆ ಆಫೀಸಿನ ಕನ್ನಡ ಕೊಡಿ, 'ಮೇಲಿನವರ ಆದೇಶದ ಮೇರೆಗೆ ತಿಳಿಯಪಡಿಸುವುದೇನೆಂದರೆ' ಅಂತ. ಉಳಿದ ಮೂವರು ಊರಿನ ಮಾತಾಡಲಿ. ನಮ್ಮ ಜಿಲ್ಲೆಯಷ್ಟು ಇದಕ್ಕೆ ಅನುಕೂಲವಾದ ಜಾಗ ಇನ್ನೊಂದಿಲ್ಲ: ಒಬ್ಬ ಅರೆಭಾಷೆ ಬೆರೆಸಲಿ, ಒಬ್ಬ ಕೊಡವ ತಕ್ಕಿನ ಧಾಟಿ ತರಲಿ, ಇನ್ನೊಬ್ಬ ಹುಣಸೂರು ಕಡೆಯ ಕನ್ನಡ. ಯಾರು ಮನೆಯಲ್ಲಿ ಏನು ಮಾತಾಡುತ್ತಾರೋ ಅದನ್ನೇ ಮಾತಾಡಲಿ, ಇನ್ನೊಬ್ಬರ ಧಾಟಿಯನ್ನು ಅಣಕಿಸುವುದು ಬೇಡ. ಮೂಲದಲ್ಲಿ ಪ್ರಾಸ ದಟ್ಟವಾಗಿದೆ. ಅಷ್ಟನ್ನೂ ತರಲು ಹೋದರೆ ಮಾತು ಸಾಯುತ್ತದೆ. ಒಂದೊಂದು ದೀರ್ಘ ಮಾತಿನ ಕೊನೆಗೆ ಎರಡು ಮೂರು ಪದದ ಒಂದು ಗಿಡ್ಡ ಸಾಲು ಇಟ್ಟು ನೋಡಿ, ಮೂಲದ ಪೆಟ್ಟು ಅದರಲ್ಲಿ ಸಿಗುತ್ತದೆ.

ಜಾಗದ ವಿಷಯದಲ್ಲಿ ನಾವು ಒಂದು ತಪ್ಪು ಮಾಡಿ ಕಲಿತೆವು. ಮೊದಲ ಸಲ ಒಂದು ಸ್ಕೂಲಿನ ಎತ್ತರದ ವೇದಿಕೆ ಸಿಕ್ಕಿತು ಅಂತ ಖುಷಿಯಿಂದ ಅಲ್ಲೇ ಆಡಿದೆವು. ಕುರ್ಚಿಗಳು ದೂರ, ತೊಟ್ಟಿಲು ಹಿಂದಿನವರಿಗೆ ಕಾಣಲೇ ಇಲ್ಲ, ಗಿಲ್ ಆಣೆ ಹಾಕಿದಾಗ ನಾಲ್ಕೇ ಜನ ನಕ್ಕರು. ಆ ಹುಡುಗಿ ತುಂಬಾ ಚೆನ್ನಾಗಿ ಮಾಡಿದ್ದಳು, ನೆನೆದರೆ ಈಗಲೂ ಬೇಜಾರಾಗುತ್ತದೆ. ಮುಂದಿನ ಸಲ ಅದೇ ನಾಟಕವನ್ನು ಕಾಫಿ ಕಣದಲ್ಲಿ ಆಡಿದೆವು, ಜನ ಮೂರು ಕಡೆ ನೆಲದ ಮೇಲೆ ಕೂತರು, ಅದೇ ಹುಡುಗಿ, ಅದೇ ಮಾತು, ಮುಂದಿನ ಸಾಲು ಹೇಳಲು ಅವಳು ಕಾಯಬೇಕಾಯಿತು.

ಇಂಗ್ಲೆಂಡಿನ ಹಜಾರಗಳೂ ಹೀಗೇ ಇದ್ದವು. ಊಟದ ಮೇಜು ಎರಡು ಬದಿಗೆ, ಒಂದು ಕೊನೆಯಲ್ಲಿ ಮರದ ತಡಿಕೆ, ಅದರಲ್ಲಿ ಎರಡು ಬಾಗಿಲು. ಅಡುಗೆ ಬರುವ ಬಾಗಿಲಿನಿಂದಲೇ ನಟರೂ ಬರುತ್ತಿದ್ದರು, ಜಾಗ ಬಿಡಿ ಜಾಗ ಬಿಡಿ ಅಂತ ಕೂಗುತ್ತಾ. ಹೆನ್ರಿ ಮೆಡ್‌ವಾಲ್‌ನ 'ಫುಲ್ಜೆನ್ಸ್ ಅಂಡ್ ಲುಕ್ರೀಸ್' ಅನ್ನು 1497ರ ಸುಮಾರಿಗೆ ಕಾರ್ಡಿನಲ್ ಮಾರ್ಟನ್ ಮನೆಯ ಔತಣಕ್ಕೆ ಬರೆದದ್ದು, ಅದರಲ್ಲಿ ಎ ಮತ್ತು ಬಿ ಅಂತ ಇಬ್ಬರು ಅತಿಥಿಗಳ ನಡುವಿನಿಂದಲೇ ಎದ್ದು ಮಾತು ಶುರು ಮಾಡುತ್ತಾರೆ. ಅದೇ ಮಾರ್ಟನ್ ಮನೆಯಲ್ಲಿ ಹುಡುಗನಾಗಿದ್ದ ಥಾಮಸ್ ಮೋರ್, ಮುಂದೆ 'ಯುಟೋಪಿಯಾ' ಬರೆದವನು, ಕ್ರಿಸ್‌ಮಸ್ ನಾಟಕದ ನಡುವೆ ತಾನೇ ನುಗ್ಗಿ, ಆ ಕ್ಷಣಕ್ಕೆ ಹೊಳೆದ ಮಾತಾಡಿ ಪಾತ್ರ ಮಾಡುತ್ತಿದ್ದನಂತೆ, ಅವನ ಅಳಿಯ ಬರೆದಿಟ್ಟಿದ್ದಾನೆ.

ನಿಮ್ಮ ಕಣದಲ್ಲಿ ಗೋಡೌನಿನ ಗೋಡೆ ಬೆನ್ನಿಗೆ ಬರುವ ಹಾಗೆ ನಟರನ್ನು ನಿಲ್ಲಿಸಿ, ದನಿ ಜನರ ಕಡೆಗೇ ತಿರುಗುತ್ತದೆ, ಮೈಕ್ ಬೇಡ. ಗೋಡೌನ್ ಬಾಗಿಲು ಒಂದು ಪ್ರವೇಶ. ಇನ್ನೊಂದು ಪ್ರವೇಶ ಜನರ ನಡುವಿನಿಂದ. ಐನ್‌ಮನೆಯವರು, ಅಂದರೆ ಕೊಡವ ಕುಟುಂಬದ ಮೂಲಮನೆಯವರು, ಒಪ್ಪಿದರೆ ಇನ್ನೂ ಒಳ್ಳೆಯದು: ಕಯ್ಯಾಲೆಯ, ಅಂದರೆ ಜಗಲಿಯ, ಕಂಬಗಳ ನಡುವೆ ಇರುವ ಐಮರದ ಹಲಗೆಯೇ ಮಂಚ, ಮೆಟ್ಟಿಲು ಇಳಿದರೆ ಅಂಗಳ, ಅಲ್ಲೇ ಜನ. ಒಳಗಿನ ನೆಲ್ಲಕ್ಕಿ ನಡುಬಾಡೆ ದೀಪ ಇಡುವ ಜಾಗ, ಅದನ್ನು ಬಣ್ಣ ಬದಲಿಸುವ ಕೋಣೆ ಮಾಡಿಕೊಳ್ಳಬೇಡಿ. ಮನೆಯ ಹಿರಿಯರನ್ನು ಕೇಳಿ, ಅವರು ತೋರಿಸಿದ ಕಡೆ ಮಾತ್ರ ಓಡಾಡಿ.

ಜನರನ್ನು ನಾಟಕದೊಳಗೆ ಎಳೆದುಕೊಳ್ಳುವುದಕ್ಕೆ ಹೇವುಡ್ ಒಂದು ದಾರಿ ತೋರಿಸಿದ್ದಾನೆ. ನಾಟಕದಲ್ಲಿ ಒಂದು ಕಡೆ ಜೋಹಾನ್ ತನ್ನ ನಿಲುವಂಗಿ ಬಿಚ್ಚಿ ನೋಡುವವರಲ್ಲಿ ಒಬ್ಬರ ಕೈಗೆ ಕೊಡಲು ಹೋಗುತ್ತಾನೆ. ಆಮೇಲೆ, ನೀನು ಬಾಗಿಲ ಹತ್ತಿರ ಕೂತಿದ್ದೀಯ, ಎತ್ತಿಕೊಂಡು ಓಡಿಬಿಟ್ಟರೆ ಅಂತ ಅದನ್ನು ಇನ್ನೊಬ್ಬರಿಗೆ ಕೊಟ್ಟು, ಸುಮ್ನೆ ಕೂತಿದ್ದೀಯಲ್ಲ, ಅಂಚಿಗೆ ಮೆತ್ತಿದ ಕೆಸರನ್ನಾದರೂ ಕೆರೆ ಅನ್ನುತ್ತಾನೆ. ಒಂದು ರೇನ್‌ಕೋಟಿನಲ್ಲಿ ಇದನ್ನು ಹಾಗೇ ಮಾಡಬಹುದು. ನಿಜವಾಗಿಯೂ ಕೆಸರಿರಲಿ. ಕೊಡುವ ಮೊದಲು ಅವರ ಕಣ್ಣು ನೋಡಿ, ನಾಚುವವರಿಗೆ ಕೊಡಬೇಡಿ.

ಜನ ಕಡಿಮೆ ಇದ್ದರೆ ಹೆದರಬೇಡಿ. ಆಗಿನ ಮೇಳ ಅಂದರೆ ಸಾಮಾನ್ಯವಾಗಿ ನಾಲ್ಕು ಗಂಡಸರು, ಹೆಣ್ಣು ಪಾತ್ರಕ್ಕೆ ಒಬ್ಬ ಹುಡುಗ. ಥಾಮಸ್ ಪ್ರೆಸ್ಟನ್‌ನ 'ಕ್ಯಾಂಬೈಸಿಸ್' ಮುಖಪುಟದಲ್ಲೇ 38 ಪಾತ್ರಗಳನ್ನು 8 ಜನ ಹಂಚಿಕೊಳ್ಳುವ ಪಟ್ಟಿ ಅಚ್ಚಾಗಿದೆ. ನೀವೂ ಮೊದಲು ಆ ಪಟ್ಟಿಯನ್ನೇ ಮಾಡಿ, ಮಾತು ಬಾಯಿಪಾಠ ಆಮೇಲೆ. ಒಂದು ಹಾಳೆಯಲ್ಲಿ ದೃಶ್ಯಗಳನ್ನು ಅಡ್ಡಕ್ಕೆ, ನಟರನ್ನು ಉದ್ದಕ್ಕೆ ಬರೆದು, ಒಬ್ಬ ಹೊರಗೆ ಹೋಗಿ ಇನ್ನೊಬ್ಬನಾಗಿ ಬರಲು ಇಪ್ಪತ್ತು ಸಾಲಾದರೂ ಸಿಗುತ್ತದಾ ನೋಡಿ. ಸಿಗದಿದ್ದರೆ ಒಂದು ಹಾಡು ತುಂಬಿ. ಪಾತ್ರಕ್ಕೊಂದು ಗುರುತು ಸಾಕು, ಒಂದು ಟೋಪಿ, ಒಂದು ಕಂಬಳಿ, ಒಂದು ಕೋಲು. ನಮ್ಮಲ್ಲಿ ಚಿಕ್ಕ ಕುರಿ ಕಾಯುವವನೇ ಓಡಿಹೋಗಿ ಬಿಳಿ ಪಂಚೆ ಹೊದ್ದು ದೇವದೂತನಾಗಿ ಬಂದ, ಮಕ್ಕಳು ಗುರುತು ಹಿಡಿದು ಹೆಸರು ಕೂಗಿದರು, ಏನೂ ಕೆಡಲಿಲ್ಲ.

ಸಾಮಾನು: ತೊಟ್ಟಿಲಿಗೆ ಸೀರೆಯ ಜೋಲಿ, ಮೂರು ಬಿದಿರು ಕಟ್ಟಿ ಇಳಿಬಿಡಿ. ಬಟ್ಟೆಯ ಹೊರಗಿನಿಂದಲೇ ಒಳಗಿನ ಆಕಾರ ಕಾಣುತ್ತದೆ, ಪ್ರೇಕ್ಷಕರಿಗೆ ಮೊದಲೇ ಗೊತ್ತು, ಕುರಿ ಕಾಯೋರಿಗೆ ಗೊತ್ತಿಲ್ಲ, ಅದರಲ್ಲೇ ಮಜಾ. ಆಡು ಅಂದರೆ ಗೋಣಿಚೀಲಕ್ಕೆ ತರಗೆಲೆ ತುಂಬಿ ಮೂತಿ ಹೊಲಿದದ್ದು. ಜೀವಂತ ಪ್ರಾಣಿ ತರಬೇಡಿ, ಅದು ಹೆದರುತ್ತದೆ. ಮ್ಯಾಕ್‌ನನ್ನು ಎಸೆಯಲು ಕಾಫಿಗೆ ಹೊದಿಸುವ ಟಾರ್ಪಾಲ್ ಕಣದಲ್ಲೇ ಇರುತ್ತದೆ. ಎಂಟು ಜನ ಹಿಡಿಯಬೇಕು, ಮೊಣಕಾಲ ಎತ್ತರಕ್ಕಿಂತ ಮೇಲೆ ಬೇಡ, ಕೆಳಗೆ ಸಿಮೆಂಟು. ಮೂವರೇ ಹಿಡಿದರೆ ಬೀಳುತ್ತಾನೆ, ಐದು ಜನ ಪ್ರೇಕ್ಷಕರನ್ನು ಮೊದಲೇ ಹೇಳಿಟ್ಟುಕೊಂಡು ಅಭ್ಯಾಸಕ್ಕೂ ಕರೆಯಿರಿ.

ಯಾವಾಗ? ಡಿಸೆಂಬರಿನಿಂದ ಮಾರ್ಚ್‌ವರೆಗೆ ಕಣ ಖಾಲಿ ಇರುವುದಿಲ್ಲ, ಅರೇಬಿಕಾ ಹೋದರೆ ರೊಬಸ್ಟಾ. ಜೂನ್ ಆದಮೇಲೆ ಮಾತೇ ಇಲ್ಲ. ಏಪ್ರಿಲ್, ಮೇ ಅಥವಾ ದಸರಾ ಕಳೆದು ಹುತ್ತರಿ ಬರುವುದರೊಳಗೆ. ಸಂಜೆ ನಾಲ್ಕಕ್ಕೆ ಶುರು ಮಾಡಿ. ಆ ಕಾಲದ ಬೀದಿ ನಾಟಕಗಳೂ ಹೆಚ್ಚಿಗೆ ಹಗಲಿನದೇ, ಬರೆದದ್ದೂ ಹಾಗೇ, 'ಅಬ್ಬಾ ಏನು ಕತ್ತಲು' ಅಂತ ನಟ ಹೇಳಿದರೆ ರಾತ್ರಿ. ಲೈಟಿನ ಖರ್ಚು ಉಳಿಯಿತು, ಕರೆಂಟ್ ಹೋಗುವ ಭಯವೂ ಇಲ್ಲ. ದಕ್ಷಿಣ ಕೊಡಗಿನ ಕಡೆಯಾದರೆ ಆನೆ ಇಳಿಯುವ ಹೊತ್ತಿಗೆ ಜನ ಮನೆ ಸೇರಿರಬೇಕು, ತೋಟದ ದಾರಿಯಲ್ಲಿ ನಡೆದು ಹೋಗುವವರೇ ಜಾಸ್ತಿ. ಆದ್ದರಿಂದ ಒಂದು ಗಂಟೆ, ಅದರ ಮೇಲೆ ಒಂದು ನಿಮಿಷ ಬೇಡ.

ದುಡ್ಡು. ಟಿಕೆಟ್ ಇಡಬೇಡಿ. 'ಮ್ಯಾನ್‌ಕೈಂಡ್'ನಲ್ಲಿ ಪುಂಡರು, ದೆವ್ವ ಬಾಗಿಲ ಹಿಂದೆಯೇ ಇದೆ, ದೊಡ್ಡ ತಲೆಯದ್ದು, ದುಡ್ಡು ಬೀಳದಿದ್ದರೆ ಬರುವುದಿಲ್ಲ ಅಂತ ನಾಟಕದ ಮಧ್ಯದಲ್ಲೇ ವಸೂಲಿಗೆ ಇಳಿಯುತ್ತಾರೆ. ಕುಂಡೆ ಹಬ್ಬದಲ್ಲಿ ವೇಷ ಹಾಕಿದವರಿಗೆ ಗೋಣಿಕೊಪ್ಪದ ರಸ್ತೆಯಲ್ಲಿ ನೋಟು ಕೊಟ್ಟು ಅಭ್ಯಾಸವಿರುವ ನಮಗೆ ಇದು ಹೊಸದಲ್ಲ. ನೀವೂ ಹಾಗೇ ಮಾಡಿ, ಕುತೂಹಲ ಏರಿದ ಜಾಗದಲ್ಲಿ ನಿಲ್ಲಿಸಿ: 'ಶೆಫರ್ಡ್ಸ್'ನಲ್ಲಾದರೆ ಆಡು ಸಿಗುವ ಮೊದಲು, ಕುರಿ ಕಾಯೋರು ಮಗುವಿಗೆ ಕೊಡಲು ಏನೂ ಇಲ್ಲವಲ್ಲ ಅಂದುಕೊಳ್ಳುವ ಕ್ಷಣದಲ್ಲಿ, ಚಿಕ್ಕವನು ಟೋಪಿ ಹಿಡಿದು ಜನರ ನಡುವೆ ಬರಲಿ, ಮಗುವಿಗೆ ಏನಾದರೂ ಕೊಡಿ ಅಂತ. ಹತ್ತು ರೂಪಾಯಿ, ಎರಡು ಕಿತ್ತಳೆ, ಒಂದು ಚಾಕೊಲೇಟ್, ಏನು ಬಂದರೂ ತೆಗೆದುಕೊಂಡು ಹೋಗಿ ಜೋಲಿಗೆ ಹಾಕಲಿ, ಆಗ ಬಟ್ಟೆ ಸರಿಯಲಿ.